ಅಳತೆಗೆ ಒಳಪಟ್ಟ ಆಕಾಶ



ಸಿನಿಮಾ, ಟಿವಿ, ತಾರಾಲಯ ಈ ಮೂರೂ ತೆರೆಗಳ ಮೇಲೆ ಬಾಹ್ಯಾಕಾಶವನ್ನು ವಿಜ್ಞಾನಕ್ಕೆ ಅಪಚಾರವಾಗದಂತೆ ತೋರಿಸುವುದು ಹೇಗೆ ಎಂಬುದು ಈ ಉಪನ್ಯಾಸದ ವಿಷಯ. ಚಿನ್ನದ ಗಣಿಯ ಊರಾದ ಕೋಲಾರದ ಕೆಜಿಎಫ್‌ಗೂ ಗಗನದ ಚಿತ್ರಕ್ಕೂ ಎತ್ತಣ ನಂಟು ಎಂದು ಕೆಲವರಿಗೆ ಅನ್ನಿಸಬಹುದು. ನಂಟು ಇದೆ. ಅದು ಇರುವುದು ಈ ನೆಲದಡಿ, ಎರಡು ಕಿಲೋಮೀಟರಿಗೂ ಹೆಚ್ಚಿನ ಆಳದಲ್ಲಿ. ಆದ್ದರಿಂದ ಮಾತನ್ನು ಅಲ್ಲಿಂದಲೇ ಆರಂಭಿಸುತ್ತೇನೆ.

1950ರ ದಶಕದ ಆರಂಭದಿಂದಲೇ ಮುಂಬಯಿಯ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು ಕೋಲಾರದ ಗಣಿಗಳಲ್ಲಿ ವಿಶ್ವಕಿರಣಗಳನ್ನು ಅಳೆಯುತ್ತಿದ್ದರು. ನಂಜನಗೂಡಿನಲ್ಲಿ ಹುಟ್ಟಿ, ಮುಂದೆ ಆ ಸಂಸ್ಥೆಯ ನಿರ್ದೇಶಕರಾದ ಬಿ. ವಿ. ಶ್ರೀಕಂಠನ್ ಅವರು ಹೀಗೆ ಮೊದಲಿಗೆ ಇಲ್ಲಿಗೆ ಬಂದವರು. ಅಂತರಿಕ್ಷದಿಂದ ಬರುವ ಕಿರಣಗಳು ನಮ್ಮ ವಾಯುಮಂಡಲದ ಮೇಲ್ಪದರಕ್ಕೆ ಬಡಿದಾಗ ಮ್ಯುವಾನ್ ಎಂಬ ಕಣಗಳು ಹುಟ್ಟಿ ಕೆಳಗಿಳಿಯುತ್ತವೆ. ಬಂಡೆಯೊಳಗೆ ಇಳಿದಷ್ಟೂ ಅವುಗಳ ಸಂಖ್ಯೆ ತಗ್ಗುತ್ತದೆ. ಸುಮಾರು 2,760 ಮೀಟರ್ ಆಳದಲ್ಲಿ ಉಪಕರಣವಿಟ್ಟು ಎರಡು ತಿಂಗಳು ಕಾದರೂ ಒಂದೇ ಒಂದು ಕಣ ದಾಖಲಾಗಲಿಲ್ಲ. ಈ ನಿಶ್ಶಬ್ದವೇ ಮುಂದಿನ ಪ್ರಯೋಗಕ್ಕೆ ದಾರಿ ತೆರೆಯಿತು. ಬೇರೆ ಯಾವ ಕಣವೂ ಮುಟ್ಟಲಾರದ ಜಾಗದಲ್ಲಿ ಏನಾದರೂ ಕಾಣಿಸಿಕೊಂಡರೆ ಅದು ಬಂಡೆಯನ್ನೂ ಸಲೀಸಾಗಿ ದಾಟಬಲ್ಲ ನ್ಯೂಟ್ರಿನೋ ಎಂಬ ಕಣದ ಕೆಲಸವೇ ಆಗಿರಬೇಕು. 1965ರಲ್ಲಿ ಚಾಂಪಿಯನ್ ರೀಫ್ ಗಣಿಯ ಹೀತ್‌ಕೋಟ್ ಶಾಫ್ಟಿನಲ್ಲಿ, ಸುಮಾರು 2.3 ಕಿಲೋಮೀಟರ್ ಆಳದಲ್ಲಿ, ಟಾಟಾ ಸಂಸ್ಥೆ, ಜಪಾನಿನ ಒಸಾಕಾ ನಗರ ವಿಶ್ವವಿದ್ಯಾಲಯ ಮತ್ತು ಇಂಗ್ಲೆಂಡಿನ ಡರ್ಹಾಮ್ ವಿಶ್ವವಿದ್ಯಾಲಯದ ತಂಡಗಳು ಒಟ್ಟಾಗಿ ವಾಯುಮಂಡಲದ ನ್ಯೂಟ್ರಿನೋಗಳ ಗುರುತನ್ನು ಹಿಡಿದವು. ಅದೇ ವರ್ಷ ದಕ್ಷಿಣ ಆಫ್ರಿಕದ ಇನ್ನೊಂದು ಚಿನ್ನದ ಗಣಿಯಲ್ಲೂ ಇದೇ ಸಾಧನೆ ನಡೆಯಿತು.

ಆ ಗುರುತು ಎಂಥದ್ದು ಎಂಬುದನ್ನು ಇಲ್ಲಿ ಸ್ವಲ್ಪ ನಿಂತು ನೋಡಬೇಕು. ನಿಯಾನ್ ಅನಿಲ ತುಂಬಿದ ಉದ್ದನೆಯ ಗಾಜಿನ ಕೊಳವೆಗಳನ್ನು ಸಾಲುಸಾಲಾಗಿ ಅಡ್ಡಲಾಗಿ ಜೋಡಿಸಿದ್ದರು. ಕಣವೊಂದು ಹಾದುಹೋದೊಡನೆ ಇಕ್ಕೆಲದ ಸಿಂಟಿಲೇಟರ್ ಎಂಬ ಪತ್ತೆ ಉಪಕರಣಗಳು ಸುಳಿವು ಕೊಡುತ್ತಿದ್ದವು. ಆ ಕ್ಷಣದಲ್ಲಿ ಅಧಿಕ ವೋಲ್ಟೇಜಿನ ವಿದ್ಯುತ್ ಹರಿದು, ಕಣದ ದಾರಿಯಲ್ಲಿದ್ದ ಕೊಳವೆಗಳು ಮಾತ್ರ ಮಿನುಗುತ್ತಿದ್ದವು. ಕ್ಯಾಮೆರಾ ಅದನ್ನು ಫಿಲ್ಮಿನ ಮೇಲೆ ಹಿಡಿಯುತ್ತಿತ್ತು. ಕತ್ತಲ ಹಿನ್ನೆಲೆಯ ಮೇಲೆ ಓರೆಯಾಗಿ ಸಾಲುಗಟ್ಟಿದ ಕೆಲವು ಬೆಳಕಿನ ಚುಕ್ಕೆಗಳು. ಚಿತ್ರವೆಂದರೆ ಅಷ್ಟೇ. ಆದರೆ ಆ ಸಾಲಿನ ಓರೆಯಲ್ಲೇ ಎಲ್ಲ ಅರ್ಥವೂ ಅಡಗಿತ್ತು. ಮೇಲಿನಿಂದ ಬರುವ ಮ್ಯುವಾನುಗಳು ಅಷ್ಟು ಆಳಕ್ಕೆ ಹೆಚ್ಚುಕಡಿಮೆ ನೇರವಾಗಿ ಕೆಳಮುಖವಾಗಿಯೇ ಇಳಿಯಬೇಕು. ಓರೆಯಾಗಿ ಬರುವವು ಹೆಚ್ಚು ಬಂಡೆಯನ್ನು ದಾಟಬೇಕಾದ್ದರಿಂದ ದಾರಿಯಲ್ಲೇ ಕರಗಿಹೋಗುತ್ತವೆ. ನ್ಯೂಟ್ರಿನೋಗಳಿಗೆ ಆ ಕಟ್ಟಳೆಯಿಲ್ಲ. ಅವು ಎಲ್ಲ ದಿಕ್ಕಿನಿಂದಲೂ ಬರುತ್ತವೆ. ಆದ್ದರಿಂದ ನೆಲಕ್ಕೆ ಸಮಾನಾಂತರವಾಗಿ ಸಾಗುವ ಚುಕ್ಕೆಸಾಲು ಸಿಕ್ಕಿದರೆ ಅದು ನ್ಯೂಟ್ರಿನೋದಿಂದ ಹುಟ್ಟಿದ ಕಣದ ಜಾಡು.

ಬಾಹ್ಯಾಕಾಶದ ಸತ್ಯಚಿತ್ರಕ್ಕೆ ಇದಕ್ಕಿಂತ ಶುದ್ಧವಾದ ಉದಾಹರಣೆ ನನಗೆ ತಿಳಿದಿಲ್ಲ. ಅದರಲ್ಲಿ ಅಲಂಕಾರವಿಲ್ಲ, ಆದರೆ ಪ್ರತಿ ಚುಕ್ಕೆಗೂ ಲೆಕ್ಕ ಒಪ್ಪಿಸುವ ಹೊಣೆಯಿದೆ. ಈ ಚುಕ್ಕೆ ಇಲ್ಲಿ ಏಕಿದೆ, ಅಲ್ಲಿ ಏಕಿಲ್ಲ ಎಂದು ಕೇಳಿದರೆ ಉತ್ತರ ಸಿಗುತ್ತದೆ. ತೆರೆಯ ಮೇಲಿನ ಗ್ರಹ, ನಕ್ಷತ್ರ, ಕಪ್ಪುಕುಳಿಗಳನ್ನೂ ಇದೇ ಒರೆಗಲ್ಲಿಗೆ ಹಚ್ಚಬೇಕು ಎಂಬುದು ನನ್ನ ವಾದ.

ಇದೇ ನೆಲಕ್ಕೆ ಸಿನಿಮಾ ಕೂಡ ಬಂದಿತು. ಪ್ರಶಾಂತ್ ನೀಲ್ ನಿರ್ದೇಶನದ ‘ಕೆಜಿಎಫ್’ ಚಿತ್ರದ ಎರಡು ಭಾಗಗಳು 2018 ಮತ್ತು 2022ರಲ್ಲಿ ತೆರೆಕಂಡವು. ಗಣಿಯ ತ್ಯಾಜ್ಯ ಪುಡಿಯಿಂದಾದ ಇಲ್ಲಿನ ಸೈನೈಡ್ ಗುಡ್ಡಗಳು ಲೋಕಕ್ಕೆಲ್ಲ ಪರಿಚಿತವಾದವು. ಆ ಚಿತ್ರಗಳ ಗಣಿಲೋಕ ಕಲ್ಪಿತವಾದದ್ದು. ಕಥೆಗೆ ಆ ಹಕ್ಕಿದೆ, ಅದನ್ನು ಪ್ರಶ್ನಿಸುವುದು ತರವಲ್ಲ. ಅನುಮಾನ ಬಂದವರು ಬಂಗಾರಪೇಟೆ ಜಂಕ್ಷನ್ನಿನಲ್ಲಿ ಮಾರಿಕುಪ್ಪಂ ರೈಲು ಹತ್ತಿ ಬಂದು, ಗುಡ್ಡಗಳನ್ನು ಕಣ್ಣಾರೆ ಕಂಡು, ಗಣಿಯಲ್ಲಿ ದುಡಿದ ಹಿರಿಯರನ್ನು ಮಾತಾಡಿಸಿ, ಕಥೆ ಯಾವುದು ನಿಜ ಯಾವುದು ಎಂದು ತಾವೇ ತೀರ್ಮಾನಿಸಬಹುದು. ಶನಿಗ್ರಹದ ವಿಷಯದಲ್ಲಿ ಇದು ಸಾಧ್ಯವಿಲ್ಲ. ಕಪ್ಪುಕುಳಿಯ ಹತ್ತಿರಕ್ಕೆ ಯಾವ ರೈಲೂ ಹೋಗುವುದಿಲ್ಲ. ಬಹುಪಾಲು ಜನರಿಗೆ ಅವುಗಳ ದರ್ಶನವಾಗುವುದು ತೆರೆಯ ಮೇಲೆ ಮಾತ್ರ. ನೋಡುವವನು ಪರೀಕ್ಷಿಸಲಾರದ ಕಡೆ ತೋರಿಸುವವನ ಹೊಣೆ ಹೆಚ್ಚುತ್ತದೆ. ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳು ಇಂದು ತೆರೆಯ ಮೇಲೆ ಕಂಡದ್ದನ್ನೇ ನಾಳೆ ಭೌತಶಾಸ್ತ್ರದ ತರಗತಿಗೆ ಹೊತ್ತು ತರುತ್ತಾಳೆ. ತಪ್ಪನ್ನು ಅಳಿಸುವ ಕೆಲಸ ಮೇಷ್ಟರ ಪಾಲಿಗೆ ಬೀಳುತ್ತದೆ.

ಚಂದ್ರಯಾನದ ಮೊದಲ ಹೆಸರಾಂತ ಚಲನಚಿತ್ರವನ್ನು ಫ್ರಾನ್ಸಿನ ಜಾರ್ಜ್ ಮೆಲಿಯೆಸ್ ಮಾಡಿದ್ದು 1902ರಲ್ಲಿ. ಶಿವನಸಮುದ್ರದ ವಿದ್ಯುತ್ತು ಕೆಜಿಎಫ್‌ಗೆ ಬಂದದ್ದೂ ಅದೇ ವರ್ಷ. ಆಗ ಚಂದ್ರನಿಗೆ ಮನುಷ್ಯನ ಮುಖ ಬರೆದು, ಕಣ್ಣಿಗೆ ರಾಕೆಟ್ ನಾಟಿಸಿದರೂ ಯಾರಿಗೂ ಕೆಡುಕಾಗಲಿಲ್ಲ. 1968ರಲ್ಲಿ ಸ್ಟಾನ್ಲಿ ಕುಬ್ರಿಕ್ ‘2001: ಎ ಸ್ಪೇಸ್ ಒಡಿಸ್ಸಿ’ ಮಾಡುವ ಹೊತ್ತಿಗೆ ಕಾಲ ಬದಲಾಗಿತ್ತು. ನಿರ್ವಾತದಲ್ಲಿ ಸದ್ದಿಲ್ಲ ಎಂಬ ಸರಳ ಸತ್ಯವನ್ನು ಅಷ್ಟು ದೊಡ್ಡ ತೆರೆಯ ಮೇಲೆ ಪಾಲಿಸಿ, ಆ ಮೌನವೇ ಎದೆ ನಡುಗಿಸಬಲ್ಲದು ಎಂದು ಆತ ತೋರಿಸಿಕೊಟ್ಟ. ವಿಜ್ಞಾನಕ್ಕೆ ನಿಷ್ಠವಾದರೆ ರಂಜನೆ ಸಾಯುತ್ತದೆ ಎಂಬ ವಾದಕ್ಕೆ ಅಂದೇ ಉತ್ತರ ಸಿಕ್ಕಿದೆ. ಆದರೂ ಆ ವಾದ ಇನ್ನೂ ಕೇಳಿಬರುತ್ತಿರುವುದು ಬೇಸರದ ಸಂಗತಿ.

ಈಗ ತತ್ತ್ವಗಳಿಗೆ ಬರೋಣ. ಎಲ್ಲಕ್ಕಿಂತ ಮುಖ್ಯವಾದದ್ದು ಬೆಳಕು. ಭೂಮಿಯ ಮೇಲೆ ಗಾಳಿ ಬೆಳಕನ್ನು ಚದುರಿಸುತ್ತದೆ; ಅದಕ್ಕೇ ಆಕಾಶ ನೀಲಿ, ಮರದ ನೆರಳು ಕೂಡ ತಕ್ಕಮಟ್ಟಿಗೆ ತಿಳಿ, ದೂರದ ಬೆಟ್ಟ ಮಸುಕು. ಚಂದ್ರನ ಮೇಲೆ ಗಾಳಿಯಿಲ್ಲ. ಅಲ್ಲಿ ದೂರದ ಬೆಟ್ಟವೂ ಹತ್ತಿರದ ಕಲ್ಲಿನಷ್ಟೇ ಸ್ಪಷ್ಟ. ಎಷ್ಟೆಂದರೆ ಅಪೋಲೋ ಯಾತ್ರಿಗಳಿಗೆ ದೂರವನ್ನು ಅಂದಾಜು ಮಾಡುವುದೇ ಕಷ್ಟವಾಗಿತ್ತು. ನೆರಳು ಗಾಢ, ಆದರೆ ಪೂರ್ತಿ ಕಪ್ಪಲ್ಲ. ಸುತ್ತಲಿನ ನೆಲದಿಂದ ಪುಟಿದ ಬೆಳಕು ಅದರೊಳಗೆ ಸ್ವಲ್ಪ ಸೇರುತ್ತದೆ. ಬಿಸಿಲಿಗೆ ಮೈಯೊಡ್ಡಿದ ನೆಲಕ್ಕೆ ತಕ್ಕಂತೆ ಎಕ್ಸ್‌ಪೋಷರ್ ಹೊಂದಿಸಿದರೆ ನಕ್ಷತ್ರಗಳು ಕ್ಯಾಮೆರಾಗೆ ಸಿಗುವುದಿಲ್ಲ. ಅಪೋಲೋ ಚಿತ್ರಗಳಲ್ಲಿ ನಕ್ಷತ್ರಗಳಿಲ್ಲ ಎಂದು ಅನುಮಾನಿಸುವವರು ಈ ಒಂದು ಮಾತನ್ನು ತಿಳಿದಿದ್ದರೆ ಸಾಕಿತ್ತು. ಗ್ರಾಫಿಕ್ಸ್ ಕಲಾವಿದರು ಕಪ್ಪು ಆಕಾಶ ಕಂಡೊಡನೆ ನಕ್ಷತ್ರಗಳನ್ನು ಎರಚುವುದರಿಂದಲೇ ಇಂಥ ಅನುಮಾನಗಳಿಗೆ ನೀರೆರೆದಂತಾಗಿದೆ.

ಧೂಳಿನ ವಿಷಯವೂ ಹೀಗೆಯೇ. ಸೈನೈಡ್ ಗುಡ್ಡಗಳ ಪುಡಿ ಬೇಸಿಗೆಯ ಗಾಳಿಗೆ ಎದ್ದು ಊರಿನ ಮೇಲೆ ಹೇಗೆ ಕವಿಯುತ್ತದೆ ಎಂಬುದನ್ನು ಇಲ್ಲಿನವರಿಗೆ ಹೇಳಬೇಕಿಲ್ಲ. ಗಾಳಿ ಹೊತ್ತೊಯ್ಯುವುದರಿಂದ ಅದು ಮೋಡವಾಗುತ್ತದೆ. ಚಂದ್ರನಲ್ಲಿ ಹೊತ್ತೊಯ್ಯಲು ಏನೂ ಇಲ್ಲ. ಅಲ್ಲಿ ಎದ್ದ ಒಂದೊಂದು ಕಣವೂ ಕಲ್ಲೆಸೆದಂತೆ ತನ್ನ ಬಾಗುದಾರಿಯಲ್ಲಿ ಸಾಗಿ, ಭೂಮಿಯ ಆರನೆಯ ಒಂದು ಪಾಲು ಗುರುತ್ವದಲ್ಲಿ ಹೋದಷ್ಟು ದೂರ ಹೋಗಿ ಬೀಳುತ್ತದೆ, ಸುಳಿಯಿಲ್ಲ, ತೇಲುವಿಕೆಯಿಲ್ಲ. 2023ರ ಆಗಸ್ಟ್ 23ರಂದು ಚಂದ್ರಯಾನ-3ರ ವಿಕ್ರಮ್ ಲ್ಯಾಂಡರ್ ಇಳಿದಾಗ ಸುಮಾರು 2.06 ಟನ್ನು ಚಂದ್ರನ ಮಣ್ಣು ಎದ್ದು 108.4 ಚದರ ಮೀಟರ್ ಜಾಗದಲ್ಲಿ ಹರಡಿತು ಎಂದು ಇಸ್ರೋ ಲೆಕ್ಕ ಹಾಕಿ ಪ್ರಕಟಿಸಿದೆ. ಲ್ಯಾಂಡರಿನ ಸುತ್ತ ಉಳಿದ ತಿಳಿಬಣ್ಣದ ಪ್ರಭಾವಳಿಯನ್ನು ಚಂದ್ರನನ್ನು ಸುತ್ತುತ್ತಿದ್ದ ಚಂದ್ರಯಾನ-2ರ ಕ್ಯಾಮೆರಾ ಮೇಲಿನಿಂದ ಹಿಡಿದ ಚಿತ್ರಗಳನ್ನು ಇಳಿಯುವ ಮುಂಚಿನ ಚಿತ್ರಗಳೊಂದಿಗೆ ಹೋಲಿಸಿ ತಿಳಿದದ್ದು ಇದು. ಚಂದ್ರನ ಮೇಲೆ ಇಳಿಯುವ ದೃಶ್ಯವನ್ನು ಮುಂದೆ ಕನ್ನಡದಲ್ಲಿ ಯಾರಾದರೂ ಮಾಡುವುದಾದರೆ ಬೇಕಾದ ಅಂಕಿ ಅಂಗೈಯಲ್ಲೇ ಇದೆ.

ಚಲನೆಯ ತಪ್ಪುಗಳು ಹೆಚ್ಚು ಸೂಕ್ಷ್ಮ. 2013ರ ‘ಗ್ರಾವಿಟಿ’ ಚಿತ್ರ ಬೆಳಕಿನ ವಿಷಯದಲ್ಲಿ ಮಾಡಿದ ಸಾಧನೆ ದೊಡ್ಡದು. ಎಲ್‌ಇಡಿ ಫಲಕಗಳ ಪೆಟ್ಟಿಗೆಯೊಳಗೆ ನಟಿಯನ್ನು ನಿಲ್ಲಿಸಿ, ಸುತ್ತುವ ಭೂಮಿಯ ಬೆಳಕನ್ನೇ ಮುಖದ ಮೇಲೆ ಹರಿಸಿದರು. ಆದರೆ ಹಬಲ್ ದೂರದರ್ಶಕದಿಂದ ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣಕ್ಕೆ ಬೆನ್ನಚೀಲದ ಜೆಟ್‌ನಲ್ಲಿ ಹಾರಿ ಹೋಗುವುದು ಆಗದ ಮಾತು. ಒಂದರ ಕಕ್ಷೆ ಭೂಮಧ್ಯರೇಖೆಗೆ 28.5 ಡಿಗ್ರಿ ಓರೆ, ಇನ್ನೊಂದರದು 51.6 ಡಿಗ್ರಿ. ಕಣ್ಣಿಗೆ ಹತ್ತಿರವಾಗಿ ಕಂಡರೂ ಒಂದರಿಂದ ಇನ್ನೊಂದಕ್ಕೆ ಹೋಗಲು ವೇಗದಲ್ಲಿ ಸೆಕೆಂಡಿಗೆ ಸುಮಾರು 3 ಕಿಲೋಮೀಟರಿನಷ್ಟು ಬದಲಾವಣೆ ಬೇಕು. ಬೆನ್ನಚೀಲದ ಶಕ್ತಿ ಸೆಕೆಂಡಿಗೆ ಕೆಲವೇ ಹತ್ತು ಮೀಟರುಗಳದ್ದು. ಕ್ಷುದ್ರಗ್ರಹಗಳ ಪಟ್ಟಿಯಲ್ಲಿ ಬಂಡೆಗಳ ನಡುವೆ ನುಸುಳುವ ದೃಶ್ಯದ ಬಗ್ಗೆ ಹೆಚ್ಚು ಹೇಳುವುದು ಬೇಡ. ಅಲ್ಲಿ ದೊಡ್ಡ ಬಂಡೆಗಳ ನಡುವಿನ ಅಂತರ ಲಕ್ಷಗಟ್ಟಲೆ ಕಿಲೋಮೀಟರು.

ಕಪ್ಪುಕುಳಿಯ ಪ್ರಸಂಗ ಮಾತ್ರ ವಿಸ್ತಾರವಾಗಿ ಹೇಳಬೇಕಾದದ್ದು. ಅದರಲ್ಲಿ ಕನ್ನಡಿಗರೊಬ್ಬರ ಪಾಲೂ ಇದೆ. ಕನ್ನಡದ ಹಿರಿಯ ಸಾಹಿತಿ ಸಿ. ಕೆ. ವೆಂಕಟರಾಮಯ್ಯನವರ ಮಗ ಸಿ. ವಿ. ವಿಶ್ವೇಶ್ವರ ಅವರು ಅಮೆರಿಕದ ಮೇರಿಲ್ಯಾಂಡ್ ವಿಶ್ವವಿದ್ಯಾಲಯದಲ್ಲಿ ಸಂಶೋಧನೆ ಮಾಡಿ, 1970ರಲ್ಲಿ, ಕಪ್ಪುಕುಳಿಯನ್ನು ಅಲುಗಿಸಿದರೆ ಅದು ತನ್ನದೇ ಆದ ಕಂಪನದಲ್ಲಿ ಮಿಡಿದು ಬೇಗ ಅಡಗುತ್ತದೆ ಎಂದು ಲೆಕ್ಕದಿಂದ ತೋರಿಸಿದರು. ಕಪ್ಪುಕುಳಿ ಇದೆಯೋ ಇಲ್ಲವೋ ಎಂದೇ ಹಲವರು ಸಂಶಯಪಡುತ್ತಿದ್ದ ಕಾಲವದು. 2015ರ ಸೆಪ್ಟೆಂಬರಿನಲ್ಲಿ ಲೈಗೋ ಉಪಕರಣಗಳು ಎರಡು ಕಪ್ಪುಕುಳಿಗಳ ಮಿಲನದ ಗುರುತ್ವ ಅಲೆಯನ್ನು ಹಿಡಿದಾಗ, ಅಲೆಯ ಕೊನೆಯಲ್ಲಿ ಕುಗ್ಗುತ್ತ ಹೋದ ಭಾಗ ಈ ಕಂಪನದ್ದೇ. ವಿಶ್ವೇಶ್ವರ ಅವರು ಅದನ್ನು ಕಂಡರು. 2017ರ ಜನವರಿಯಲ್ಲಿ ತೀರಿಕೊಂಡರು. ನಮ್ಮ ವಿಷಯಕ್ಕೆ ಮುಖ್ಯವಾದದ್ದು ಇನ್ನೊಂದು. ಇವರೇ 1989ರಲ್ಲಿ ಆರಂಭವಾದ ಬೆಂಗಳೂರಿನ ಜವಾಹರಲಾಲ್ ನೆಹರೂ ತಾರಾಲಯದ ಸ್ಥಾಪಕ ನಿರ್ದೇಶಕರು. ಕಪ್ಪುಕುಳಿಯ ಸಮೀಕರಣ ಬಿಡಿಸಿದ ಕೈಯೇ ಶಾಲಾ ಮಕ್ಕಳಿಗಾಗಿ ಗುಮ್ಮಟದ ತೆರೆಯ ಮೇಲಿನ ಪ್ರದರ್ಶನಗಳನ್ನೂ ರೂಪಿಸಿತು, ವ್ಯಂಗ್ಯಚಿತ್ರಗಳನ್ನೂ ಬರೆಯಿತು. ಸಂಶೋಧನೆ ಮೇಲಿನದು, ಪ್ರದರ್ಶನ ಕೆಳಗಿನದು ಎಂಬ ಭೇದ ಅವರಲ್ಲಿ ಇರಲಿಲ್ಲ.

ಕಪ್ಪುಕುಳಿ ಕಣ್ಣಿಗೆ ಹೇಗೆ ಕಾಣಬಹುದು ಎಂಬುದನ್ನು ಫ್ರಾನ್ಸಿನ ಜಾನ್-ಪಿಯರ್ ಲುಮಿನೆ 1979ರಲ್ಲಿ ಕಂಪ್ಯೂಟರಿನಿಂದ ಲೆಕ್ಕ ಹಾಕಿ, ಚಿತ್ರವನ್ನು ಶಾಯಿಯಿಂದ ಚುಕ್ಕೆ ಚುಕ್ಕೆಯಾಗಿ ಕೈಯಲ್ಲೇ ಬರೆದರು. ಸುತ್ತುವ ಅನಿಲದ ತಟ್ಟೆಯ ಹಿಂಭಾಗ ಮರೆಯಾಗಬೇಕಿತ್ತು. ಆದರೆ ಗುರುತ್ವ ಬೆಳಕನ್ನು ಬಾಗಿಸುವುದರಿಂದ ಅದು ಮೇಲಕ್ಕೆ ಎದ್ದು ಕಮಾನಾಗಿ ಕಾಣುತ್ತದೆ. ನಮ್ಮತ್ತ ಧಾವಿಸುವ ಪಕ್ಕ ಬಲು ಪ್ರಕಾಶಮಾನ, ದೂರ ಸರಿಯುವ ಪಕ್ಕ ಮಂಕು. ನಡುವಿನ ಕತ್ತಲು ಕಪ್ಪುಕುಳಿಯ ಅಂಚಿಗಿಂತ ಸುಮಾರು 2.6 ಪಟ್ಟು ಅಗಲ. 2019ರ ಏಪ್ರಿಲಿನಲ್ಲಿ ಎಂ87 ಗೆಲಾಕ್ಸಿಯ ಕಪ್ಪುಕುಳಿಯ ನಿಜಚಿತ್ರ ಹೊರಬಂದಾಗ ಅದರಲ್ಲೂ ಉಂಗುರದ ಒಂದು ಪಕ್ಕ ಹೆಚ್ಚು ಬೆಳಗುತ್ತಿತ್ತು.

ಇವೆರಡರ ನಡುವೆ, 2014ರಲ್ಲಿ, ‘ಇಂಟರ್‌ಸ್ಟೆಲ್ಲರ್’ ಬಂದಿತು. ಭೌತವಿಜ್ಞಾನಿ ಕಿಪ್ ಥಾರ್ನ್ ಸಮೀಕರಣಗಳನ್ನು ಬರೆದುಕೊಟ್ಟರು. ಲಂಡನ್ನಿನ ಡಬಲ್ ನೆಗಟಿವ್ ಸಂಸ್ಥೆಯ ತಂಡ ಅವುಗಳಿಂದ ಹೊಸ ಸಾಫ್ಟ್‌ವೇರ್ ಕಟ್ಟಿತು. ಒಂಟಿ ಬೆಳಕಿನ ಗೆರೆಗಳನ್ನು ಹಿಂಬಾಲಿಸಿದರೆ ದೊಡ್ಡ ತೆರೆಯ ಮೇಲೆ ನಕ್ಷತ್ರಗಳು ಪಟಪಟನೆ ಮಿನುಗಿ ಚಿತ್ರ ಕೆಡುತ್ತಿತ್ತು. ಅದಕ್ಕಾಗಿ ಗೆರೆಗಳ ಕಂತೆಯನ್ನೇ, ಅದು ದಾರಿಯಲ್ಲಿ ಹಿಗ್ಗಿ ಕುಗ್ಗುವ ಬಗೆಯನ್ನೂ ಸೇರಿಸಿ, ಲೆಕ್ಕ ಹಾಕುವ ವಿಧಾನ ಕಂಡುಕೊಂಡರು. ಕೆಲವು ಫ್ರೇಮುಗಳ ರೆಂಡರಿಂಗಿಗೆ ನೂರು ಗಂಟೆಯವರೆಗೂ ಹಿಡಿಯಿತು. 2015ರಲ್ಲಿ ಈ ಕೆಲಸ ವಿಜ್ಞಾನ ಪತ್ರಿಕೆಯೊಂದರಲ್ಲಿ ಪ್ರಬಂಧವಾಗಿಯೇ ಪ್ರಕಟವಾಯಿತು. ಸಿನಿಮಾದ ಗ್ರಾಫಿಕ್ಸ್ ಕೋಣೆಯಿಂದ ವಿಜ್ಞಾನಕ್ಕೆ ಹೀಗೊಂದು ಕೊಡುಗೆ ಸಂದಿತು.

ಹಾಗಾದರೆ ಆ ಚಿತ್ರ ಪೂರ್ತಿ ಸತ್ಯವೇ? ಇಲ್ಲ. ಕಥೆಯಲ್ಲಿ ಒಂದು ಗ್ರಹದ ಮೇಲಿನ ಒಂದು ಗಂಟೆ ಭೂಮಿಯ ಏಳು ವರ್ಷಕ್ಕೆ ಸಮ. ಅದಕ್ಕೆ ಕಪ್ಪುಕುಳಿ ಸಾಧ್ಯವಿರುವ ಗರಿಷ್ಠ ವೇಗಕ್ಕೆ ಕೂದಲೆಳೆಯಷ್ಟು ಹತ್ತಿರದಲ್ಲಿ ತಿರುಗುತ್ತಿರಬೇಕು. ತೆರೆಗೆ ಮಾತ್ರ ಗರಿಷ್ಠದ 0.6ರಷ್ಟು ತಿರುಗುವಿಕೆಯನ್ನು ಆಯ್ದುಕೊಂಡರು, ಏಕೆಂದರೆ ಹೆಚ್ಚು ತಿರುಗಿದರೆ ಆಕಾರ ಒಂದು ಕಡೆ ಚಪ್ಪಟೆಯಾಗಿ ನೋಡುಗರಿಗೆ ಗೊಂದಲವಾಗುತ್ತದೆ. ಒಂದು ಪಕ್ಕ ಉಜ್ವಲ, ಇನ್ನೊಂದು ಪಕ್ಕ ಮಂಕು ಎಂಬ ವ್ಯತ್ಯಾಸವನ್ನೂ ಬಿಟ್ಟರು. ಆದರೆ ಬಿಟ್ಟದ್ದನ್ನು ಮುಚ್ಚಿಡಲಿಲ್ಲ. ತಮ್ಮ ಪ್ರಬಂಧದಲ್ಲಿ ನಿಜವಾದ ಲೆಕ್ಕದ ಚಿತ್ರವನ್ನೂ ತೆರೆಯ ಚಿತ್ರವನ್ನೂ ಅಕ್ಕಪಕ್ಕದಲ್ಲಿಟ್ಟು, ಇಲ್ಲಿಯವರೆಗೆ ವಿಜ್ಞಾನ, ಇಲ್ಲಿಂದಾಚೆ ನಮ್ಮ ಆಯ್ಕೆ ಎಂದು ತೋರಿಸಿದರು. ನನಗೆ ಈ ನಡೆ ಆ ಚಿತ್ರದ ಯಾವ ದೃಶ್ಯಕ್ಕಿಂತಲೂ ಮೇಲಾದದ್ದಾಗಿ ಕಾಣುತ್ತದೆ. ಕಲೆಗೆ ಸಡಿಲಿಕೆ ಬೇಕು, ಒಪ್ಪೋಣ. ಸಡಿಲಿಸಿದ ಗಂಟು ಎಲ್ಲಿದೆ ಎಂದು ಹೇಳುವ ಧೈರ್ಯವೂ ಬೇಕು.

ಬಣ್ಣದ ಪ್ರಶ್ನೆಯಲ್ಲಿ ಈ ಧೈರ್ಯ ಹೆಚ್ಚು ಅಗತ್ಯ. ಹಿಂದೆ ಕೋಲಾರ ಜಿಲ್ಲೆಗೇ ಸೇರಿದ್ದ ಗೌರಿಬಿದನೂರಿನ ಬಳಿ, 1970ರ ದಶಕದಲ್ಲಿ, ಸಾವಿರ ಡೈಪೋಲ್ ಆಂಟೆನಾಗಳನ್ನು ಇಂಗ್ಲಿಷಿನ ‘ಟಿ’ ಆಕಾರದಲ್ಲಿ ನೆಟ್ಟು ರೇಡಿಯೋ ದೂರದರ್ಶಕ ಕಟ್ಟಿದರು. ರಾಮನ್ ಸಂಶೋಧನಾ ಸಂಸ್ಥೆ ಮತ್ತು ಭಾರತೀಯ ಖಭೌತ ಸಂಸ್ಥೆಗಳ ಜಂಟಿ ಕೆಲಸ ಅದು. ಪೂರ್ವ-ಪಶ್ಚಿಮದ ತೋಳೇ 1.4 ಕಿಲೋಮೀಟರ್ ಉದ್ದ. 34.5 ಮೆಗಾಹರ್ಟ್ಸ್‌ನಲ್ಲಿ, ಎಂದರೆ ಸುಮಾರು 8.7 ಮೀಟರ್ ಅಲೆಯುದ್ದದಲ್ಲಿ, ಅದು ಆಕಾಶದ ನಕ್ಷೆ ತಯಾರಿಸಿತು. ಆ ಅಲೆಗೆ ಬಣ್ಣವೇ ಇಲ್ಲ. ನಕ್ಷೆಗೆ ಬಣ್ಣ ತುಂಬಿದರೆ ಅದು ಎಲ್ಲಿ ಎಷ್ಟು ತೀವ್ರತೆ ಎಂಬುದರ ಸೂಚನೆ ಮಾತ್ರ. 1995ರಲ್ಲಿ ಹಬಲ್ ತೆಗೆದ, ಮನೆಮಾತಾದ ಗರುಡ ನೀಹಾರಿಕೆಯ ಕಂಬಗಳ ಚಿತ್ರವೂ ಹಾಗೆಯೇ: ಗಂಧಕಕ್ಕೆ ಕೆಂಪು, ಜಲಜನಕಕ್ಕೆ ಹಸಿರು, ಆಮ್ಲಜನಕಕ್ಕೆ ನೀಲಿ ಎಂದು ವಿಜ್ಞಾನಿಗಳು ಗೊತ್ತುಮಾಡಿಕೊಂಡ ಕಟ್ಟುಪಾಡು. ಅದು ಸುಳ್ಳಲ್ಲ, ಪ್ರತಿ ಬಣ್ಣದ ಹಿಂದೆಯೂ ಒಂದು ಧಾತು ನಿಂತಿದೆ. ಆ ಚಿತ್ರ ನೋಡಿ ಮನಸ್ಸಿಗೆ ಬಂದ ನೇರಳೆ ಕಿತ್ತಳೆ ಬಳಿದು ‘ನೀಹಾರಿಕೆ’ ಎಂದು ತೋರಿಸುವಾಗ ಧಾತು ಮಾಯವಾಗಿ ಬಣ್ಣವಷ್ಟೇ ಉಳಿಯುತ್ತದೆ.

ದೂರದ ಲೋಕಗಳ ಮಾತು ಸಾಕು. ನಮ್ಮ ತಲೆಯ ಮೇಲಿನ ಆಕಾಶವನ್ನಾದರೂ ನಮ್ಮ ಚಿತ್ರಗಳು ಸರಿಯಾಗಿ ತೋರಿಸುತ್ತಿವೆಯೇ? ಬಂಗಾರಪೇಟೆ ಸುಮಾರು 13 ಡಿಗ್ರಿ ಉತ್ತರ ಅಕ್ಷಾಂಶದಲ್ಲಿದೆ. ಆದ್ದರಿಂದ ಇಲ್ಲಿ ಧ್ರುವನಕ್ಷತ್ರ ಕ್ಷಿತಿಜದಿಂದ 13 ಡಿಗ್ರಿಯಷ್ಟೇ ಮೇಲೆ, ಬೆಟ್ಟವೋ ಕಟ್ಟಡವೋ ಅಡ್ಡ ಬಂದರೆ ಕಾಣದಷ್ಟು ಕೆಳಗೆ. ಮಹಾವ್ಯಾಧ ನೆತ್ತಿಗೆ ಹತ್ತಿರ ಬರುತ್ತಾನೆ. ದಕ್ಷಿಣದಲ್ಲಿ ಅಗಸ್ತ್ಯ 24 ಡಿಗ್ರಿಯವರೆಗೆ ಏರುತ್ತಾನೆ; ಬೇಸಿಗೆಯಲ್ಲಿ ತ್ರಿಶಂಕುವೂ ಕಾಣುತ್ತದೆ. ಯುಗಾದಿಯ ನಂತರದ ಚಂದ್ರದರ್ಶನಕ್ಕೆ ಪಡುವಣದತ್ತ ನಿಂತವರೆಲ್ಲ ನೋಡಿದ್ದಾರೆ: ಎಳೆಚಂದ್ರ ಬಹುಮಟ್ಟಿಗೆ ಮಲಗಿದಂತಿದ್ದು, ಎರಡು ಕೊಂಬೂ ಮೇಲ್ಮುಖವಾಗಿರುತ್ತವೆ. ನಮ್ಮ ಧಾರಾವಾಹಿಗಳಲ್ಲಿ ಇಳಿಸಿಕೊಳ್ಳುವ ಸಿದ್ಧ ಚಿತ್ರಗಳ ಚಂದ್ರ ಮಾತ್ರ ಯುರೋಪಿನ ಚಂದ್ರನಂತೆ ಪಕ್ಕಕ್ಕೆ ವಾಲಿ ನಿಂತಿರುತ್ತಾನೆ. ಹುಣ್ಣಿಮೆಯ ಚಂದ್ರ ಆಕಾಶದಲ್ಲಿ ಅರ್ಧ ಡಿಗ್ರಿ ಜಾಗ ಹಿಡಿಯುತ್ತಾನೆ. ತೆರೆಯ ಮೇಲೆ ಅವನಿಗೆ ಬೆಟ್ಟದಷ್ಟು ಜಾಗ. ಇವನ್ನು ಸರಿಪಡಿಸಲು ಹಣ ಬೇಡ, ಸೂಪರ್ ಕಂಪ್ಯೂಟರ್ ಬೇಡ. ಉಚಿತವಾಗಿ ಸಿಗುವ ತಾರಾಪಟದ ಸಾಫ್ಟ್‌ವೇರಿನಲ್ಲಿ ಊರು, ದಿನಾಂಕ, ಹೊತ್ತು ತುಂಬಿದರೆ ಸರಿಯಾದ ಆಕಾಶ ಮೂಡುತ್ತದೆ. ಕೊರತೆಯಿರುವುದು ಕಾಳಜಿಗೆ.

ಜನಕ್ಕೆ ಇದೆಲ್ಲ ಅರ್ಥವಾಗುವುದಿಲ್ಲ ಎಂಬ ಮಾತನ್ನು ನಾನು ಒಪ್ಪುವುದಿಲ್ಲ. 2019ರ ಸೆಪ್ಟೆಂಬರ್ 7ರ ನಸುಕಿನಲ್ಲಿ ಬೆಂಗಳೂರಿನಲ್ಲಿರುವ ಇಸ್ರೋದ ಇಸ್ಟ್ರಾಕ್ ನಿಯಂತ್ರಣ ಕೇಂದ್ರದ ತೆರೆಯ ಮೇಲೆ ಚಂದ್ರಯಾನ-2ರ ವಿಕ್ರಮ್ ಇಳಿಯಬೇಕಾದ ದಾರಿ ಒಂದು ಗೆರೆಯಾಗಿತ್ತು, ಇಳಿಯುತ್ತಿದ್ದ ನೌಕೆ ಒಂದು ಚುಕ್ಕೆಯಾಗಿತ್ತು. ಚುಕ್ಕೆ ಗೆರೆಯಿಂದ ಸರಿದು ನಿಂತಾಗ ಟಿವಿ ಮುಂದೆ ಕೂತಿದ್ದವರೆಲ್ಲರಿಗೂ ಏನಾಯಿತೆಂದು ಯಾರೂ ಬಿಡಿಸಿ ಹೇಳಬೇಕಾಗಲಿಲ್ಲ. ನಾಲ್ಕು ವರ್ಷದ ನಂತರ, ಚಂದ್ರಯಾನ-3 ಇಳಿಯುವಾಗ, ಅಂಥದ್ದೇ ಅಂಕಿಗಳನ್ನು, ಎತ್ತರ ಇಷ್ಟು, ವೇಗ ಇಷ್ಟು ಎಂದು ನೋಡುತ್ತಲೇ ಜನ ಉಸಿರು ಬಿಗಿಹಿಡಿದರು, ಸಂಜೆ ಆರು ಗಂಟೆ ನಾಲ್ಕು ನಿಮಿಷಕ್ಕೆ ಕುಣಿದಾಡಿದರು. ಅಲಂಕಾರವಿಲ್ಲದ ನಿಜಕ್ಕೆ ಮಿಡಿಯುವ ಪ್ರೇಕ್ಷಕ ನಮ್ಮಲ್ಲಿ ಸಿದ್ಧನಾಗಿದ್ದಾನೆ.

ಆದ್ದರಿಂದ ಕನ್ನಡದಲ್ಲಿ ಚಿತ್ರ ಮಾಡುವವರಲ್ಲಿ ನನ್ನ ಕೋರಿಕೆ ಇಷ್ಟು. ಖಗೋಳ ಬಲ್ಲವರನ್ನು ಚಿತ್ರೀಕರಣ ಮುಗಿದ ಮೇಲೆ ತಪ್ಪು ತಿದ್ದಲು ಕರೆಯಬೇಡಿ, ಕಥೆ ಬರೆಯುವಾಗಲೇ ಕರೆಯಿರಿ. ತಾರಾಲಯ, ಖಭೌತ ಸಂಸ್ಥೆ, ಇಸ್ರೋ ಮೂರೂ ಇರುವ ನಗರದಲ್ಲೇ ನಮ್ಮ ಚಿತ್ರೋದ್ಯಮವೂ ಇದೆ. ಹೊಸಕೋಟೆಯಲ್ಲಿ ಕುಳಿತು ಲಡಾಖಿನ ಹಾನ್ಲೆಯ ದೂರದರ್ಶಕವನ್ನು ನಡೆಸುವ ಕೇಂದ್ರ ಕೋಲಾರದ ದಾರಿಯಲ್ಲೇ ಸಿಗುತ್ತದೆ. ಚಿತ್ರದ ಕೊನೆಯ ಹೆಸರುಗಳ ಪಟ್ಟಿಯಲ್ಲಿ, ಯಾವ ದೃಶ್ಯ ಲೆಕ್ಕದ್ದು, ಯಾವುದು ಊಹೆಯದು ಎಂದು ಎರಡು ಸಾಲು ಬರೆಯಿರಿ.

ತಾರಾಲಯಗಳಲ್ಲಿ ಮತ್ತು ವಿಜ್ಞಾನ ಸಂಸ್ಥೆಗಳಲ್ಲಿ ಇನ್ನೊಂದು ಕೋರಿಕೆ. 2001ರ ಫೆಬ್ರವರಿ 28ರಂದು ಕೋಲಾರದ ಗಣಿಗಳು ಮುಚ್ಚಿದವು, ತಳದ ಅಂತಸ್ತುಗಳಲ್ಲಿ ನೀರು ತುಂಬಿತು. ನ್ಯೂಟ್ರಿನೋ ಸಿಕ್ಕ ಜಾಗವನ್ನು ಇನ್ನು ಯಾರೂ ಹೋಗಿ ನೋಡುವಂತಿಲ್ಲ. ಆ ಶಾಫ್ಟ್, ಆ ಕತ್ತಲು, ಆ ಗಾಜಿನ ಕೊಳವೆಗಳ ಸಾಲು, ಉಪಕರಣಗಳನ್ನು ಕೆಳಗಿಳಿಸಿ ಕಾಪಾಡಿದ ಗಣಿ ಕಾರ್ಮಿಕರ ದುಡಿಮೆ, ಇವೆಲ್ಲ ಅಳತೆ ತಪ್ಪದಂತೆ ತೆರೆಯ ಮೇಲೆ ಮೂಡಬೇಕು. ಪ್ರಯೋಗದ ವಿವರಗಳು ಪ್ರಕಟಿತ ಪ್ರಬಂಧಗಳಲ್ಲಿವೆ. ಗಣಿಗಿಳಿದು ದುಡಿದ ಹಿರಿಯರು ಕೆಜಿಎಫ್‌ನ ಕಾರ್ಮಿಕರ ಲೈನುಗಳಲ್ಲಿ ಇನ್ನೂ ನಮ್ಮ ನಡುವೆ ಇದ್ದಾರೆ. ಅವರು ಇರುವಾಗಲೇ, ಅವರನ್ನು ಕೇಳಿಯೇ, ಈ ಚಿತ್ರ ಆಗಲಿ.